ಭಟ್ಟರ ಕೇಸು

ನಾನು ಓದು ನಿಲ್ಲಿಸಿದ್ದು ೧೯೫೬ರಲ್ಲಿ, ಏಳನೆಯ ಕ್ಲಾಸಿನ ನಡುವಿನಲ್ಲಿ. ಅಪ್ಪನ ಕಣ್ಣು ಮಂಜಾಗಿ ಮನೆಯಲ್ಲಿ ದುಡಿಯುವವರೇ ಇಲ್ಲವಾದಾಗ ಭಾವ ಬಂದು ನನ್ನನ್ನು ಮದರಾಸಿಗೆ ಕರೆದುಕೊಂಡು ಹೋದ. ಅವನು ಎಗ್ಮೋರ್ ಸ್ಟೇಷನ್ನಿನ ಹತ್ತಿರದ ಒಂದು ಹೋಟೆಲಿನಲ್ಲಿ ಸಪ್ಲೈಯರ್. ಅದೇ ವರ್ಷ ನಮ್ಮ ದಕ್ಷಿಣ ಕನ್ನಡ ಜಿಲ್ಲೆ ಮದರಾಸನ್ನು ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿತು. "ಜಿಲ್ಲೆ ಆಚೆ ಹೋಯ್ತು, ನೀನು ಈಚೆ ಬಂದೆ. ನಾನು ಮೊದ್ಲೇ ಇಲ್ಲಿ ಕೂತಿದ್ದೆ, ಯಾರೂ ಎಬ್ಬಿಸ್ಲಿಲ್ಲ," ಎಂದು ಎಷ್ಟೋ ವರ್ಷಗಳ ಮೇಲೆ ನನಗೆ ಹೇಳಿದವರು ನನ್ನ ವಕೀಲರು. ಕಾನೂನು ಓದಲು ಊರಿನಿಂದ ಬಂದವರು ಅವರು. ಜಿಲ್ಲೆ ಬೇರೆ ರಾಜ್ಯಕ್ಕೆ ಹೋದಾಗ ಅವರ ಜೊತೆಯ ವಕೀಲರು ಕೆಲವರು ಬೆಂಗಳೂರಿಗೆ ಹೋದರು. ಇವರು ಹೋಗಲಿಲ್ಲ. ಹೋದ ತಿಂಗಳು ತಿರುವಲ್ಲಿಕ್ಕೇಣಿಯ ಮನೆಯಲ್ಲಿ ತೀರಿಕೊಂಡರು.

ಅವರ ಹೆಸರನ್ನು ನಾನು ಬರೆಯುವುದಿಲ್ಲ. ಹೆಸರು ಅಚ್ಚಾದರೆ ಏನೇನಾಗುತ್ತದೆ ಎಂಬುದು ಅವರಿಗೂ ಗೊತ್ತಿತ್ತು, ನನಗೂ ಗೊತ್ತು. ಅವರನ್ನು ಹೊಗಳಬೇಕೆಂದೂ ನಾನು ಕೂತಿಲ್ಲ. ಅವರಿಂದ ನನಗೆ ಗೆಲುವು ಸಿಗಲಿಲ್ಲ. ಆದರೂ ಅವರು ಹೋದರು ಎಂದು ಭಾವ ಬಂದು ಹೇಳಿದ ದಿನ ಮೆಷಿನ್ ನಿಲ್ಲಿಸಿ ಸುಮ್ಮನೆ ಕೂತುಬಿಟ್ಟೆ. ಮತ್ತೆ ಏಳುವಷ್ಟು ಮನಸ್ಸು ಬರಲಿಲ್ಲ.

ಆಳು ಕುಳ್ಳು. ಕರಿ ಕೋಟಿನ ಮೊಣಕೈ ಎರಡೂ ಕಡೆ ಬಿಳಿಚಿಕೊಂಡಿತ್ತು. ನಸ್ಯ ಸೇದುತ್ತಿದ್ದರು. ತಂಬುಚೆಟ್ಟಿ ಬೀದಿಯಲ್ಲಿ ಒಂದು ಮಾಳಿಗೆಯ ಮೇಲೆ ಅವರ ಆಫೀಸು. ಮೆಟ್ಟಿಲು ಎಷ್ಟು ಕಡಿದೆಂದರೆ ಕಕ್ಷಿದಾರರು ಮೇಲೆ ಬಂದು ಮುಟ್ಟುವಷ್ಟರಲ್ಲಿ ಜಗಳದ ಅರ್ಧ ಉಸಿರು ಹೋಗಿರುತ್ತಿತ್ತು. "ಅದಕ್ಕೇ ಈ ಮಾಳಿಗೆ ಹಿಡಿದದ್ದು," ಎನ್ನುತ್ತಿದ್ದರು. ಗೋಡೆ ತುಂಬ ತೀರ್ಪಿನ ಪುಸ್ತಕಗಳು. ಒಂದೊಂದರಲ್ಲೂ ದಿನದ ಕ್ಯಾಲೆಂಡರಿನಿಂದ ಹರಿದ ಹಾಳೆಗಳ ಗುರುತು. ಆ ಹಾಳೆಗಳ ತಾರೀಖಿಗೂ ತೀರ್ಪಿಗೂ ಸಂಬಂಧವಿಲ್ಲ. ಏಕಾದಶಿ ಎಂದು ಬರೆದ ಹಾಳೆ ಬಾಡಿಗೆ ಕೇಸಿನಲ್ಲಿರುತ್ತಿತ್ತು, ದೀಪಾವಳಿಯ ಹಾಳೆ ಸೇಲ್ಸ್ ಟ್ಯಾಕ್ಸಿನಲ್ಲಿ.

ನಾನು ಅವರ ಹತ್ತಿರ ಹೋದದ್ದು ಯಾಕೆಂದು ಮೊದಲು ಹೇಳಬೇಕು.

ಹೋಟೆಲ್ ಕೆಲಸ ನನಗೆ ಹಿಡಿಸಲಿಲ್ಲ. ಇನ್ನೊಬ್ಬನು ಉಂಡ ಎಲೆಯ ಮುಂದೆ ನಿಂತು ಬೈಸಿಕೊಳ್ಳುವುದು ನನ್ನಿಂದಾಗದು. ಒಂದು ವರ್ಕ್‌ಶಾಪಿನಲ್ಲಿ ಲೋಹ ಕಡೆಯುವ ಲೇಥ್ ಕಲಿತೆ. ಅಂಬತ್ತೂರಿನಲ್ಲಿ ಕಾರ್ಖಾನೆಗಳು ಏಳುತ್ತಿದ್ದ ಕಾಲ. ಅಲ್ಲಿ ಒಂದರಲ್ಲಿ ಟರ್ನರ್ ಆಗಿ ಸೇರಿದೆ. ನಾನು ಕಡೆದು ಕೊಟ್ಟ ಹಿತ್ತಾಳೆ ಬುಷ್, ಅಂದರೆ ಯಂತ್ರದ ಒಳಬಳೆ, ಅಳತೆ ತಪ್ಪಿದೆಯೆಂದು ತಿರುಗಿ ಬಂದದ್ದಿಲ್ಲ. ಇದು ಜಂಬದ ಮಾತಾದರೆ ಆಗಲಿ.

ಆ ಕಾರ್ಖಾನೆಯಲ್ಲಿ ಒಂದು ರೂಢಿ ಇತ್ತು. ಮಧ್ಯಾಹ್ನ ಉಂಡಮೇಲೆ ಎಲ್ಲರ ಟಿಫಿನ್ ಕ್ಯಾರಿಯರುಗಳನ್ನೂ ಕ್ಯಾಂಟೀನಿನ ಆಯಾ ತೊಳೆದು ಒರೆಸಿ, ಬಾಗಿಲ ಹೊರಗಿನ ಕಬ್ಬಿಣದ ಅಟ್ಟದ ಮೇಲೆ ಸಾಲಾಗಿ ಇಡುವಳು. ಸಂಜೆ ಸೈರನ್ ಆದಮೇಲೆ ನಾವು ಬಂದು ಅವರವರದನ್ನು ಎತ್ತಿಕೊಂಡು ಹಾಗೇ ಗೇಟಿಗೆ ನಡೆಯುವುದು. ಅಟ್ಟದ ಪಕ್ಕಕ್ಕೇ ಸ್ಟೋರಿನ ಬಾಗಿಲು. ಸ್ಟೋರಿನವನಿಗೂ ನನಗೂ ಮಾತು ಬಿಟ್ಟು ಹೋಗಿತ್ತು; ಅವನು ಕೊಡುವ ಹಿತ್ತಾಳೆ ಸರಳು ತೂಕದಲ್ಲಿ ಕಡಿಮೆ ಬರುತ್ತದೆ ಎಂದು ನಾಲ್ಕು ಜನರ ಎದುರಿಗೆ ಹೇಳಿದ್ದೆ. ಅದಾದ ಸ್ವಲ್ಪ ದಿನಕ್ಕೆ, ಒಂದು ಸಂಜೆ ಗೇಟಿನಲ್ಲಿ ವಾಚ್‌ಮನ್ ನನ್ನ ಕ್ಯಾರಿಯರ್ ಬಿಚ್ಚಿಸಿದ. ಅಡಿಯ ಡಬ್ಬಿಯಲ್ಲಿ ಬಟ್ಟೆ ಸುತ್ತಿದ ಹಿತ್ತಾಳೆ ಬುಷ್ಷುಗಳಿದ್ದವು.

ನನ್ನನ್ನು ಕೆಲಸದಿಂದ ತೆಗೆದರು. ಆದೇಶದಲ್ಲಿ ಕಳವು ಎಂದು ಬರೆದರು.

ಲೇಬರ್ ಕೋರ್ಟಿಗೆ ಹೋದೆ. ಅಲ್ಲಿ ಕೇಳಿದ ದೊಡ್ಡ ಪ್ರಶ್ನೆ ಒಂದೇ: ಎತ್ತಿಕೊಂಡಾಗ ಭಾರ ಗೊತ್ತಾಗಲಿಲ್ಲವೇ? ದಿನವಿಡೀ ಎರಕದ ಕಬ್ಬಿಣ ಎತ್ತಿ ಇಳಿಸಿದ ಕೈಗೆ ಕ್ಯಾರಿಯರಿನ ಭಾರ ಗೊತ್ತಾಗುವುದಿಲ್ಲ ಎಂದೆ. ನಿಜವನ್ನೇ ಹೇಳಿದ್ದೆ. ಆ ಉತ್ತರವನ್ನು ಅವರು ಹಾರಿಕೆಯ ಉತ್ತರ ಎಂದು ಬರೆದುಕೊಂಡರು. ನನ್ನ ಪರವಾಗಿ ಆಯಾ ಬಂದು ಸಾಕ್ಷಿ ಹೇಳಿದಳು. ಯಾರೂ ಅವಳನ್ನು ಎಳೆದು ತಂದದ್ದಲ್ಲ. "ನಾನು ತೊಳೆದು ಇಟ್ಟಾಗ ಡಬ್ಬಿ ಖಾಲಿ ಸಾಮಿ. ಈ ತಂಬಿ ಸೈರನ್ ಆಗುವ ತನಕ ಅಟ್ಟದ ಕಡೆಗೇ ಬರಲಿಲ್ಲ. ಸ್ಟೋರಿನವರು ಬಂದು ಅಲ್ಲಿ ನಿಂತು ಬೀಡಿ ಸೇದಿದರು," ಎಂದು ತಮಿಳಿನಲ್ಲಿ ಹೇಳಿ, ಹೆಬ್ಬೆಟ್ಟು ಒತ್ತಿ, ಬಸ್ಸು ಹಿಡಿದು ಹೋದಳು. ಆಮೇಲೆ ಕ್ಯಾಂಟೀನ್ ಗುತ್ತಿಗೆಯವನು ಅವಳನ್ನೂ ಬಿಡಿಸಿದ.

ಎಮರ್ಜೆನ್ಸಿ ಬಂದು ಹೋಯಿತು, ಆಮೇಲೆ ಲೇಬರ್ ಕೋರ್ಟಿನ ಅವಾರ್ಡ್, ಅಂದರೆ ತೀರ್ಪು, ಬಂತು. ವಾಚ್‌ಮನ್ ಹೇಳಿದ್ದು ನಿಜ, ಸ್ಟೋರಿನವನು ಹೇಳಿದ್ದು ನಿಜ, ಕೆಲಸದಿಂದ ತೆಗೆದದ್ದು ಸರಿ. ಆಯಾಳ ಮಾತು ಎಲ್ಲೂ ಇಲ್ಲ. ಅವಳು ಬಂದದ್ದೂ ಇಲ್ಲ, ಹೇಳಿದ್ದೂ ಇಲ್ಲ.

ಆಗ ಭಾವ ಹೇಳಿದ, "ಭಟ್ಟರ ಕೇಸಿನ ವಕೀಲ್ರ ಹತ್ರ ಹೋಗುವ. ಅವರು ನಮ್ಮ ಕಡೆಯವ್ರು."

ಭಟ್ಟರ ಕೇಸು ಎಂದರೆ ಮದರಾಸಿನ ನಮ್ಮ ಹೋಟೆಲ್ ಕೆಲಸಗಾರರಿಗೆಲ್ಲ ಗೊತ್ತಿದ್ದ ಕತೆ. ಭಾವ ಕೆಲಸ ಮಾಡುತ್ತಿದ್ದ ಹೋಟೆಲಿನಲ್ಲೇ ಒಬ್ಬ ಅಡಿಗೆ ಭಟ್ಟರನ್ನು ಧಣಿಗಳು ಬಿಡಿಸಿದ್ದರು. ಭಟ್ಟರು ತುಪ್ಪ ಕದ್ದು ಮಾರಿದರು ಎಂದು ಆಪಾದನೆ. ಕಾರ್ಮಿಕರ ಕೇಸು ನೋಡುವ ಟ್ರಿಬ್ಯುನಲ್ ಭಟ್ಟರನ್ನು ನಂಬಿತು. ಧಣಿಗಳು ದೊಡ್ಡ ವಕೀಲರನ್ನು ಹಿಡಿದು ಹೈಕೋರ್ಟಿಗೆ ಹೋದರು. ಭಟ್ಟರ ಕಡೆಗೆ ನಿಂತವರು ಇವರು, ಆಗಿನ್ನೂ ಎಳೆಯ ವಕೀಲರು. ಅವರು ತುಪ್ಪದ ಮಾತೇ ಎತ್ತಲಿಲ್ಲವಂತೆ. ಟ್ರಿಬ್ಯುನಲ್ ಎರಡೂ ಕಡೆಯನ್ನು ಕೇಳಿದೆ, ಸ್ವಲ್ಪವಾದರೂ ಸಾಕ್ಷ್ಯ ಇದೆ, ಒಬ್ಬರನ್ನು ನಂಬಿದೆ. ನಾನಾಗಿದ್ದರೆ ಇನ್ನೊಬ್ಬರನ್ನು ನಂಬುತ್ತಿದ್ದೆ ಎಂದು ಹೈಕೋರ್ಟು ಅದನ್ನು ತಿರುವಿ ಹಾಕಬಾರದು. ಇಷ್ಟೇ ಅವರ ವಾದ. ಜಡ್ಜರು ಒಪ್ಪಿದರು. ತೀರ್ಪು ಪುಸ್ತಕದಲ್ಲಿ ಅಚ್ಚಾಯಿತು, ವಕೀಲರ ಹೆಸರೂ ಅಚ್ಚಾಯಿತು. ಭಟ್ಟರು ಮತ್ತೆ ಒಲೆಯ ಮುಂದೆ ನಿಂತರು.

ಅಂದಿನಿಂದ ಊರಿನ ಹೋಟೆಲ್ ಧಣಿಗಳು ಯಾರೂ ಅವರನ್ನು ಮದುವೆಗೆ ಕರೆಯಲಿಲ್ಲ. "ನಮ್ಮವನೇ ನಮ್ಮ ಹೊಟ್ಟೆಗೆ ಹೊಡೆದ," ಎಂದರಂತೆ. ಅವರು ಮಾತ್ರ ಕೋರ್ಟು ಮುಗಿಸಿ ಅದೇ ಹೋಟೆಲಿಗೆ ಹೋಗಿ ಅದೇ ಮೂಲೆಯಲ್ಲಿ ಕೂರುವರು. ಗಲ್ಲಾದಲ್ಲಿ ಕೂತ ಧಣಿ ಫ್ಯಾನ್ ನೋಡುವನು. ಒಳಗಿನಿಂದ ಸಪ್ಲೈಯರ್ ತರುವ ಕಾಫಿ ಮಾತ್ರ ಲೋಟದ ಅಂಚಿನವರೆಗೆ, ಡಿಕಾಕ್ಷನ್ ಗಟ್ಟಿ.

"ಹಾಲು ಕಡ್ಮೆ, ಕೃತಜ್ಞತೆ ಜಾಸ್ತಿ," ಎನ್ನುತ್ತಿದ್ದರು ಕುಡಿಯುತ್ತ. "ನಿದ್ದೆ ಬರುದಿಲ್ಲ ಮಾರಾಯ."

ನಾನು ಮೊದಲ ಸಲ ಮಾಳಿಗೆ ಹತ್ತಿದಾಗ, ಕಳವಿನ ಕತೆಯನ್ನು ಮೊದಲಿನಿಂದ ಶುರು ಮಾಡಿದೆ. ಅವರು ಕೈ ಎತ್ತಿದರು.

"ನೀನು ಎಂತ ಮಾಡಿದೆ, ಎಂತ ಮಾಡ್ಲಿಲ್ಲ, ಅದು ಆಮೇಲೆ. ಅವಾರ್ಡ್ ಕೊಡು."

ಅವಾರ್ಡನ್ನು ಅವರು ಕೊನೆಯ ಹಾಳೆಯಿಂದ ಹಿಂದಕ್ಕೆ ಓದುತ್ತಿದ್ದರು. ಹಾಗೆ ಓದಿದರೆ ಬರೆದವನು ಮೊದಲೇ ತೀರ್ಮಾನ ಮಾಡಿ ಆಮೇಲೆ ಕಾರಣ ಹುಡುಕಿದನೋ ಏನೋ ಗೊತ್ತಾಗುತ್ತದಂತೆ. ಓದುತ್ತಾ ಓದುತ್ತಾ ಒಮ್ಮೆ ನಕ್ಕರು.

"ನಿನ್ನ ಎದುರಿಗೆ ನಾನೇ ನಿಂತಿದ್ದೇನೆ ಮಾರಾಯ."

ನನಗೆ ಅರ್ಥವಾಗಲಿಲ್ಲ. ಅವರು ಕುರ್ಚಿ ಎಳೆದು ಮೇಲಿನ ಸಾಲಿನಿಂದ ಒಂದು ಪುಸ್ತಕ ಇಳಿಸಿದರು. ಅದರ ಬೆನ್ನು ಹರಿದು, ಕರಿ ಬಟ್ಟೆ ಅಂಟಿಸಿದ್ದರು. ಅದೇ ಭಟ್ಟರ ಕೇಸು.

"ಆಗ ಟ್ರಿಬ್ಯುನಲ್ ಭಟ್ಟರನ್ನು ನಂಬಿತ್ತು. ಅದನ್ನು ಹೈಕೋರ್ಟು ಮುಟ್ಟಬಾರ್ದು ಅಂತ ನಾನು ಗೋಡೆ ಕಟ್ಟಿದೆ. ಈಗ ಲೇಬರ್ ಕೋರ್ಟು ನಿನ್ನನ್ನು ನಂಬ್ಲಿಲ್ಲ. ಗೋಡೆ ಅಲ್ಲೇ ಉಂಟು. ನೀನು ಈಚೆ ಬದಿಯಲ್ಲಿದ್ದೀ."

"ಆದ್ರೆ ಭಟ್ಟರು ಕದೀಲಿಲ್ಲ. ನಾನೂ ಕದೀಲಿಲ್ಲ."

"ಅದನ್ನು ಅಲ್ಲಿ ಯಾರೂ ಕೇಳುದಿಲ್ಲ. ಹೈಕೋರ್ಟು ಅಂದ್ರೆ ಎರಡನೇ ಸಲ ಊಟ ಬಡಿಸುವ ಜಾಗ ಅಲ್ಲ. ಎಲೆ ತೊಳೆದು ಹಾಕಿದ್ರಾ, ಎಲ್ಲರಿಗೂ ಬಡಿಸಿದ್ರಾ, ಅಷ್ಟು ನೋಡ್ತದೆ. ಸಾರಿಗೆ ಉಪ್ಪು ಸಾಕಾ ಅಂತ ನೋಡುದಿಲ್ಲ."

ನಮ್ಮ ಕಾರ್ಖಾನೆಯಲ್ಲಿ ಗೇಜ್ ಹಾಕಿ ನೋಡುವ ಹಾಗೆ ಎಂದೆ. ತೂತಿನೊಳಗೆ ಗೇಜಿನ ಅಳತೆ ಕಡ್ಡಿ ಹೋದರೆ ಪಾಸು, ಇಲ್ಲದಿದ್ದರೆ ಇಲ್ಲ. ಯಾರು ಕಡೆದರು, ಹೇಗೆ ಕಡೆದರು ಎಂದು ಗೇಜ್ ಕೇಳುವುದಿಲ್ಲ. ಅವರು ನಸ್ಯದ ಡಬ್ಬಿಯನ್ನು ಮೇಜಿನ ಮೇಲೆ ತಟ್ಟಿ, "ಹಾಗೇ. ಆದ್ರೆ ಇದನ್ನು ಕೋರ್ಟಲ್ಲಿ ಹೇಳ್ಬೇಡ, ಫೀಸ್ ನಿನಗೇ ಕೊಡಬೇಕಾದೀತು," ಎಂದರು.

ನಮಗೆ ಇದ್ದ ಒಂದೇ ದಾರಿ ಆಯಾ. ನಂಬಲಿಲ್ಲ ಎಂದು ಬರೆದಿದ್ದರೆ ಮುಗಿದುಹೋಗುತ್ತಿತ್ತು. ಆದರೆ ಅವಳನ್ನು ಕಂಡೇ ಇಲ್ಲ ಎಂಬಂತೆ ಬರೆದಿದ್ದಾರಲ್ಲ, ಎಲ್ಲರಿಗೂ ಬಡಿಸಲಿಲ್ಲ ಅಂದರೆ ಅದೇ, ಎಂದರು. ಅದರ ಮೇಲೆ ರಿಟ್ ಹಾಕಿದರು.

ಕೇಸು ನಡೆದಷ್ಟು ಕಾಲ ನಾನು ಬೇರೆಯವರ ಶೆಡ್ಡಿನಲ್ಲಿ ದಿನಗೂಲಿಗೆ ಲೇಥ್ ತಿರುಗಿಸುತ್ತಿದ್ದೆ. ದೊಡ್ಡ ಕಾರ್ಖಾನೆಗಳಲ್ಲಿ ಕೆಲಸ ಕೇಳಿದರೆ ಹಿಂದಿನ ಕೆಲಸ ಯಾಕೆ ಬಿಟ್ಟಿರಿ ಎಂದು ಕೇಳುವರು. ಹೇಳಿದ ಮೇಲೆ ಕೂರಲೂ ಹೇಳುತ್ತಿರಲಿಲ್ಲ. ಒಮ್ಮೆ ಕಂಪನಿಯ ಕಡೆಯಿಂದ ಒಂದು ಮಾತು ಬಂತು: ತಪ್ಪಾಯಿತು ಎಂದು ಬರೆದುಕೊಟ್ಟರೆ ಅವರ ಇನ್ನೊಂದು ಘಟಕದಲ್ಲಿ ಹೊಸಬನ ಹಾಗೆ ಸೇರಿಸಿಕೊಳ್ಳುತ್ತಾರೆ. ವಕೀಲರು ಅದನ್ನು ಹೇಳಲು ತಾವೇ ವಿಲ್ಲಿವಾಕ್ಕಂನ ನಮ್ಮ ಮನೆಗೆ ಬಂದರು. ನನ್ನ ಹೆಂಡತಿ ಅವರಿಗೆ ಚಾಪೆ ಹಾಕಿ ಬಾಗಿಲ ಬಳಿ ನಿಂತಳು.

"ಬರೆದು ಕೊಟ್ರೆ ಕೆಲಸ ಬರ್ತದೆ," ಎಂದರು ವಕೀಲರು. "ಆದ್ರೆ ನೀನೇ ಕೈಯಾರೆ ಒಪ್ಪಿದ ಹಾಗೆ. ಆಮೇಲೆ ಯಾವ ಕೋರ್ಟೂ ಇಲ್ಲ."

"ನಾನು ಬರೆಯುದಿಲ್ಲ," ಎಂದೆ.

"ಅವರನ್ನು ಕೇಳ್ಬೇಡಿ ಸಾರ್," ಎಂದಳು ಹೆಂಡತಿ. "ಅವರಿಗೆ ಹೆಸರು ಬೇಕು. ಹೆಸರನ್ನು ಒಲೆಗೆ ಹಾಕ್ಲಿಕ್ಕೆ ಆಗ್ತದಾ ಅಂತ ಕೇಳಿ. ಬಟ್ಲಿಗೆ ಹಾಕ್ಲಿಕ್ಕೆ ಆಗ್ತದಾ ಅಂತ ಕೇಳಿ."

ವಕೀಲರು ಅವಳಿಗೆ ಬುದ್ಧಿ ಹೇಳಲಿಲ್ಲ, ನನಗೂ ಹೇಳಲಿಲ್ಲ. "ನೀವು ಹೇಳುದು ಸರಿ ತಂಗಿ. ಅವ ಹೇಳುದೂ ಸರಿ. ನಂಗೆ ಇಂಥದ್ದರಲ್ಲಿ ತೀರ್ಪು ಕೊಡ್ಲಿಕ್ಕೆ ಬರುದಿಲ್ಲ," ಎಂದು ಮಜ್ಜಿಗೆ ಕುಡಿದು ಎದ್ದರು. ರೈಲಿನವರೆಗೆ ಅವರ ಜೊತೆ ನಡೆದೆ. ದಾರಿಯಲ್ಲಿ ಅವರು ಮಾತಾಡಿದ್ದು ಪೂರಾ ಸ್ಟೇಷನ್ನಿನಲ್ಲಿ ಮಾರುವ ಕೊಯ್ಯಾಪಳಂ ಬಗ್ಗೆ. ನಮ್ಮ ಕಡೆ ಪೇರಳೆ ಎನ್ನುವ ಆ ಹಣ್ಣಿಗೆ ಊರಿನ ರುಚಿ ಇಲ್ಲವಂತೆ.

ಹೈಕೋರ್ಟಿನಲ್ಲಿ ನಮ್ಮ ಕೇಸು ವಿಚಾರಣೆಗೆ ಬಂದ ದಿನ ನಾನು ಒಗೆದ ಶರ್ಟು ಹಾಕಿ, ವಕೀಲರ ಬೆನ್ನ ಹಿಂದೆ, ಕೊನೆಯ ಬೆಂಚಿನಲ್ಲಿ ಕೂತಿದ್ದೆ. ಕೆಂಪು ಕಟ್ಟಡದ ಒಳಗೆ ಫ್ಯಾನುಗಳು ಉದ್ದ ಕಂಬಿಯಿಂದ ಇಳಿಬಿದ್ದು ತಿರುಗುತ್ತಿದ್ದವು. ಆಯಾಳನ್ನೂ ಕರೆದುಕೊಂಡು ಬರಬೇಕಿತ್ತೇ ಎಂದು ಕೇಳಿದ್ದಕ್ಕೆ ವಕೀಲರು, "ಅವಳು ಇಲ್ಲಿಗೆ ಬಂದ್ರೂ ಕಾಣಿಸುದಿಲ್ಲ. ಕಾಗದದಲ್ಲಿ ಇದ್ದವರು ಮಾತ್ರ ಇಲ್ಲಿ ಕಾಣಿಸುದು," ಎಂದಿದ್ದರು.

ವಾದ ಇಂಗ್ಲಿಷಿನಲ್ಲಿ. ನನಗೆ ಅಲ್ಲೊಂದು ಇಲ್ಲೊಂದು ಮಾತು ತಿಳಿಯುತ್ತಿತ್ತು. ಉಳಿದದ್ದನ್ನು ಬೆನ್ನು ನೋಡಿ ಊಹಿಸುತ್ತಿದ್ದೆ. ನಮ್ಮವರು ಆಯಾಳ ಹೇಳಿಕೆಯನ್ನು ಓದಿದರು. ಜಡ್ಜರು ಅವಾರ್ಡನ್ನು ತಿರುವಿ ನೋಡಿದರು, ಮತ್ತೆ ತಿರುವಿದರು. ಅವಳಿಗಾಗಿ ಹುಡುಕುತ್ತಿದ್ದಾರೆ ಎಂದು ನನಗೆ ಗೊತ್ತಾಯಿತು. ನಾನು ಬೆಂಚಿನ ಅಂಚಿಗೆ ಸರಿದು ಕೂತೆ. ಕಂಪನಿಯ ವಕೀಲರು ದೊಡ್ಡ ಹೆಸರಿನವರು. ಅವರು ಎದ್ದು ಮೂರು ನಾಲ್ಕು ಪುಸ್ತಕ ಓದಿದರು. ಅವುಗಳಲ್ಲಿ ಕರಿ ಬಟ್ಟೆ ಅಂಟಿಸಿದ್ದು ಇರಲಿಲ್ಲ. ಅದು ನಮ್ಮ ಮೇಜಿನ ಮೇಲೆಯೇ, ನಮ್ಮವರ ಕಾಗದದ ಕಟ್ಟಿನ ಅಡಿಯಲ್ಲಿತ್ತು.

ಜಡ್ಜರು ಏನೋ ಕೇಳಿದರು. ಈ ವಿಷಯದ ಮೇಲೆ ನಮ್ಮ ಕೋರ್ಟಿನದೇ ತೀರ್ಪು ಇದೆಯೇ ಎಂದು ಕೇಳಿದ್ದಂತೆ. ಕಂಪನಿಯ ವಕೀಲರು ಹಿಂದೆ ತಿರುಗಿ ಜೂನಿಯರನ್ನು ನೋಡಿದರು. ಜೂನಿಯರು ಪುಸ್ತಕಗಳನ್ನು ನೋಡಿದ.

ನಮ್ಮವರು ಎದ್ದು ನಿಂತರು. ಕನ್ನಡಕ ತೆಗೆದು ಜೇಬಿಗೆ ಹಾಕಿದರು. ಕಟ್ಟಿನ ಅಡಿಯಿಂದ ಆ ಪುಸ್ತಕ ಎಳೆದು, ಕ್ಯಾಲೆಂಡರಿನ ಹಾಳೆಯ ಸಮೇತ ಮೇಲಕ್ಕೆ ಕೊಟ್ಟರು. ಇಂಗ್ಲಿಷು ಬೇಕಾಗಲಿಲ್ಲ ನನಗೆ. ಆ ಪುಸ್ತಕ ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ದಾಟಿ ಜಡ್ಜರ ಮೇಜಿಗೆ ಏರಿದ್ದನ್ನು ನೋಡಿದೆ. ಜಡ್ಜರು ಓದಿ, ತಲೆ ಎತ್ತಿ, ಪುಸ್ತಕದಲ್ಲಿದ್ದ ಹೆಸರನ್ನೂ ಎದುರಿಗೆ ನಿಂತವರನ್ನೂ ನೋಡಿ ಮುಗುಳ್ನಕ್ಕರು. ನಮ್ಮವರೂ ನಕ್ಕರು. ಕಂಪನಿಯ ವಕೀಲರೂ ನಕ್ಕರು. ನಾನೊಬ್ಬ ನಗಲಿಲ್ಲ.

ಆಮೇಲೆ ಅವರು ತುಂಬ ಹೊತ್ತು ವಾದಿಸಿದರು. ನಂಬಲಿಲ್ಲ ಎನ್ನುವುದು ಬೇರೆ, ಕಾಣಲೇ ಇಲ್ಲ ಎನ್ನುವುದು ಬೇರೆ. ಭಟ್ಟರ ಕೇಸಿನಲ್ಲಿ ಟ್ರಿಬ್ಯುನಲ್ ಎಲ್ಲರ ಮಾತನ್ನೂ ತೂಗಿ ನೋಡಿತ್ತು, ಇಲ್ಲಿ ಒಬ್ಬಳನ್ನು ತಕ್ಕಡಿಗೇ ಹಾಕಲಿಲ್ಲ. ಅದನ್ನೇ ಐದಾರು ರೀತಿಯಲ್ಲಿ ಹೇಳಿದರಂತೆ. ನಾನು ಕೇಳುವುದನ್ನು ಬಿಟ್ಟಿದ್ದೆ.

ಹೊರಗೆ ವರಾಂಡದಲ್ಲಿ ಅವರನ್ನು ತಡೆದು ನಿಲ್ಲಿಸಿದೆ. "ನೀವು ನನ್ನ ಕಡೆಯ ವಕೀಲ್ರಾ, ಅವರ ಕಡೆಯವ್ರಾ?"

"ನಿನ್ನ ಕಡೆಯವ."

"ಅವರ ಹತ್ರ ಆ ಪುಸ್ತಕ ಇರ್ಲಿಲ್ಲ. ಅವರಿಗೆ ಗೊತ್ತೇ ಇರ್ಲಿಲ್ಲ. ನೀವು ಕೊಟ್ರಿ. ಯಾರಾದ್ರೂ ಕಳ್ಳನ ಕೈಗೆ ಬೀಗದ ಕೈ ಕೊಡ್ತಾರಾ?"

ಅವರು ಗೌನನ್ನು ತೋಳಿನ ಮೇಲೆ ಹಾಕಿಕೊಂಡರು. ತುಂಬ ದಣಿದಿದ್ದರು. "ಜಡ್ಜ್ ಕೇಳಿದ್ರು. ಇದೆ ಅಂತ ಗೊತ್ತಿದ್ದೂ ಇಲ್ಲ ಅಂತ ಕೂತ್ಕೊಳ್ಳಿಕ್ಕೆ ನಂಗೆ ಆಗುದಿಲ್ಲ. ಬಚ್ಚಿಟ್ಟು ಗೆದ್ರೆ ಅಪೀಲಿನಲ್ಲಿ ಬಿದ್ದುಹೋಗ್ತದೆ. ಅದು ಹೋಗ್ಲಿ. ಭಟ್ಟರ ಕೇಸು ಹಿಡ್ಕೊಂಡು ಎಷ್ಟು ಜನ ಕೆಲಸದಲ್ಲಿ ಉಳಿದಿದ್ದಾರೆ ಗೊತ್ತುಂಟಾ? ಟ್ರಿಬ್ಯುನಲ್‌ನಲ್ಲಿ ಗೆದ್ದ ಬಡವರನ್ನು ಧಣಿಗಳು ಹೈಕೋರ್ಟಿಗೆ ಎಳೆದಾಗೆಲ್ಲ ಅದೇ ತೀರ್ಪು ಅಡ್ಡ ನಿಲ್ತದೆ. ನನಗೆ ಬೇಕಾದಾಗ ಅದು ಉಂಟು, ಬೇಡಾದಾಗ ಇಲ್ಲ ಅಂದ್ರೆ ಆಮೇಲೆ ಯಾರಿಗೂ ಇಲ್ಲ."

"ಅವರೆಲ್ಲ ಇರ್ಲಿ. ನನ್ನ ಗತಿ ಎಂತ?"

ಬಾ, ಕಾಫಿ ಕುಡಿಯುವ ಎಂದರು. ನಾನು ಹೋಗಲಿಲ್ಲ. ಬೀಚ್ ಸ್ಟೇಷನ್ನಿನವರೆಗೆ ಒಬ್ಬನೇ ನಡೆದೆ.

ತೀರ್ಪು ನನ್ನ ವಿರುದ್ಧ ಬಂತು. ಲೇಬರ್ ಕೋರ್ಟು ಕೊನೆಯಲ್ಲಿ ಎಲ್ಲ ಸಾಕ್ಷ್ಯವನ್ನೂ ಪರಿಶೀಲಿಸಿದ್ದೇನೆ ಎಂದು ಒಂದು ವಾಕ್ಯ ಬರೆದಿತ್ತು. ಎಲ್ಲ ಎಂದರೆ ಅದರಲ್ಲಿ ಆಯಾಳೂ ಸೇರಿದಳು ಎಂದು ತಿಳಿಯಬೇಕು, ಅದಕ್ಕಿಂತ ಒಳಗೆ ಇಣುಕುವುದು ಹೈಕೋರ್ಟಿನ ಕೆಲಸವಲ್ಲ ಎಂದರು ಜಡ್ಜರು. ಆಧಾರ ಭಟ್ಟರ ಕೇಸು. ಅದರ ಕೆಳಗೆ ಇನ್ನೊಂದು ಮಾತನ್ನೂ ಬರೆದಿದ್ದರು: ಅಂಥ ವಾಕ್ಯವೂ ಇಲ್ಲದೆ ಒಂದು ಮುಖ್ಯ ಸಾಕ್ಷ್ಯವನ್ನು ಪೂರ್ತಿ ಬಿಟ್ಟುಬಿಟ್ಟಿದ್ದರೆ ಆಗ ಮಾತು ಬೇರೆಯಾಗುತ್ತಿತ್ತು. ವಕೀಲರು ಅಪೀಲು ಹಾಕೋಣ ಎಂದರು. ಸಾಕು ಎಂದೆ. ನನಗೆ ಆಗಲೇ ಸಾಕಾಗಿತ್ತು.

ಎರಡು ವರ್ಷ ಅವರ ಮುಖ ನೋಡಲಿಲ್ಲ. ಆಮೇಲೆ ಒಂದು ಮಧ್ಯಾಹ್ನ, ನಾನು ಬಾಡಿಗೆಗೆ ಹಿಡಿದಿದ್ದ ತಗಡಿನ ಶೆಡ್ಡಿನ ಬಾಗಿಲಲ್ಲಿ ಅವರು ನಿಂತಿದ್ದರು. ಲೋಕಲ್ ರೈಲಿನಲ್ಲಿ ಬಂದು, ಬಿಸಿಲಿನಲ್ಲಿ ನಡೆದು, ಕಂಕುಳಲ್ಲಿ ಹೊಸ ಪುಸ್ತಕ ಇಟ್ಟುಕೊಂಡು ಬಂದಿದ್ದರು.

"ನಿನ್ನ ಕೇಸು ಅಚ್ಚಾಗಿದೆ," ಎಂದರು.

ಕೈ ಒರೆಸಿಕೊಂಡು ನೋಡಿದೆ. ಏಳನೆಯ ಕ್ಲಾಸಿನ ಇಂಗ್ಲಿಷಿಗೆ ನನ್ನ ಹೆಸರು ಓದಲು ಬಂತು. ಅಪ್ಪನ ಹೆಸರು ಓದಲು ಬಂತು. ಸ್ವಲ್ಪ ಕೆಳಗೆ ಕಳವು ಎಂಬ ಇಂಗ್ಲಿಷ್ ಶಬ್ದವೂ ಇತ್ತು. ಅದನ್ನು ನಾನು ಕಾಗದಗಳಲ್ಲಿ ಎಷ್ಟು ಸಲ ನೋಡಿದ್ದೆ ಎಂದರೆ ಓದಬೇಕಾಗಲೇ ಇಲ್ಲ.

"ಇದನ್ನು ತೋರಿಸ್ಲಿಕ್ಕೆ ಬಂದ್ರಾ?"

"ಅದಲ್ಲ. ಇಲ್ಲಿ ಕೆಳಗೆ, ಈ ಒಂದು ವಾಕ್ಯ. ಮಾತು ಬೇರೆಯಾಗುತ್ತಿತ್ತು ಅಂತ ಉಂಟಲ್ಲ. ಹೋದ ವಾರ ಒಬ್ಬ ಬಸ್ ಕಂಡಕ್ಟರಿನ ಕೇಸಿನಲ್ಲಿ ಇದನ್ನು ಓದಿದೆ. ಅವನ ಪರವಾಗಿ ಹೇಳಿದ ಡ್ರೈವರನ್ನು ಟ್ರಿಬ್ಯುನಲ್ ಪೂರಾ ಬಿಟ್ಟೇಬಿಟ್ಟಿತ್ತು, ಎಲ್ಲ ನೋಡಿದ್ದೇನೆ ಅಂತ್ಲೂ ಬರೀಲಿಲ್ಲ. ಕೇಸು ಹಿಂದಕ್ಕೆ ಹೋಯ್ತು, ಮತ್ತೆ ವಿಚಾರಣೆ ಮಾಡಿ ಅಂತ. ಅವ ಬಚಾವಾಗ್ತಾನೆ."

"ನನ್ನ ಕೇಸಿನಿಂದ."

"ನಿನ್ನ ಕೇಸಿನಿಂದ."

ಅವರ ಮುಖದಲ್ಲಿ ಸಂತೋಷ ಇತ್ತು. ನನಗೆ ಸಂತೋಷವಾಗಬೇಕು ಎಂದು ಅಷ್ಟು ದೂರ ಬಂದಿದ್ದರು. ನಾನು ಟೂಲ್ ಬದಲಿಸುತ್ತ, ಆ ಕಂಡಕ್ಟರಿಗೆ ನನ್ನ ಹೆಸರು ಗೊತ್ತುಂಟಾ ಎಂದು ಕೇಳಿದೆ. ಗೊತ್ತಿರಲಿಕ್ಕಿಲ್ಲ ಎಂದರು. ಹೀಗೆ ಹೆಸರು ಹೇಳಿ ಕೋರ್ಟಿನಲ್ಲಿ ಓದುವಾಗ ಕಳವಿನ ಭಾಗವನ್ನೂ ಓದುತ್ತಾರಾ ಎಂದೆ.

"ಅದನ್ನು ಯಾರು ಓದ್ತಾರೆ ಮಾರಾಯ. ಬೇಕಾದ ವಾಕ್ಯ ಮಾತ್ರ."

"ಅದನ್ನು ಹೊಡೆದು ಹಾಕ್ಲಿಕ್ಕೆ ಬರ್ತದಾ?"

"ಅಚ್ಚಾದ್ದು ಅಚ್ಚಾಯ್ತು," ಎಂದರು. ಪುಸ್ತಕ ಮುಚ್ಚಿ, "ಹೆಂಡತಿ ಹೇಗಿದ್ದಾಳೆ?" ಎಂದು ಕೇಳಿದರು.

ಪುಸ್ತಕದಲ್ಲಿ ಆಯಾಳ ಮಾತೂ ಇತ್ತು. ಲೇಬರ್ ಕೋರ್ಟು ಬರೆಯದೆ ಬಿಟ್ಟದ್ದನ್ನು, ಬಿಟ್ಟಿದ್ದಾರೆ ಎಂಬ ನಮ್ಮ ವಾದವನ್ನು ಹೇಳುವ ಸಲುವಾಗಿ ಹೈಕೋರ್ಟು ಬರೆಯಬೇಕಾಗಿ ಬಂದಿತ್ತು. ಅವಳು ಪಾಡಿಯ ಕಡೆ ಯಾವುದೋ ಮನೆಗಳಲ್ಲಿ ಪಾತ್ರೆ ತೊಳೆಯುತ್ತಿದ್ದಳು. ಹುಡುಕಿಕೊಂಡು ಹೋಗಿ ಹೇಳಿದೆ.

"ಡಬ್ಬಿ ಖಾಲಿ ಇತ್ತು ಅಂತ ಬರೆದಿದ್ದಾರಾ ತಂಬಿ?"

"ನೀವು ಹಾಗೆ ಹೇಳಿದಿರಿ ಅಂತ ಬರೆದಿದ್ದಾರೆ."

"ಮತ್ತೆ ನೀನು ಯಾಕೆ ಸೋತೆ?"

ಅದನ್ನು ಅವಳಿಗೆ ತಿಳಿಯುವ ಹಾಗೆ ಹೇಳಲು ನನಗೆ ಬರಲಿಲ್ಲ. ವಕೀಲರಾಗಿದ್ದರೆ ಎಲೆ, ಸಾರು, ಉಪ್ಪು ಎಂದು ಏನಾದರೂ ಹೇಳುತ್ತಿದ್ದರು.

ಕಿವಿ ಮಂದವಾದಮೇಲೆ ಅವರು ಕೋರ್ಟಿಗೆ ಹೋಗುವುದನ್ನು ನಿಲ್ಲಿಸಿದರು. ಒಮ್ಮೆ ಜಡ್ಜರು ಕೇಳಿದ ಪ್ರಶ್ನೆಯನ್ನು ಬಿಟ್ಟು ಬೇರೆಯದಕ್ಕೆ ಉತ್ತರ ಹೇಳಿಬಿಟ್ಟರಂತೆ. ಅದೇ ದಿನ ಗೌನು ಮಡಚಿಟ್ಟರಂತೆ. ತಂಬುಚೆಟ್ಟಿ ಬೀದಿಯ ಮಾಳಿಗೆಯನ್ನು ಬಿಟ್ಟುಕೊಟ್ಟರು. ನಾನು ಆಗಾಗ ತಿರುವಲ್ಲಿಕ್ಕೇಣಿಯ ಮನೆಗೆ ಹೋಗುತ್ತಿದ್ದೆ. ಹೋದರೆ ಕೇಸಿನ ಮಾತು ಆಡುತ್ತಿರಲಿಲ್ಲ. ಒಮ್ಮೆ ನನ್ನ ಮಗಳನ್ನು ಕರೆದುಕೊಂಡು ಹೋಗಿದ್ದೆ. ಅವರು ಕನ್ನಡದಲ್ಲಿ ಏನು ಓದುತ್ತಿ ಎಂದು ಕೇಳಿದರು, ಅವಳು ತಮಿಳಿನಲ್ಲಿ ಹೇಳಿದಳು. "ಸಾಕ್ಷಿಯ ಭಾಷೆ ಯಾವುದಾದ್ರೂ ಆಗ್ತದೆ, ಬರ್ಕೊಳ್ಳುವವನು ಸರಿ ಇದ್ರೆ ಸಾಕು," ಎಂದರು ಅವಳ ತಲೆ ಸವರಿ.

ಅವರ ಹೆಣ ಎತ್ತುವ ಮೊದಲು ನಾನು ಭಾವನ ಜೊತೆ ಅಲ್ಲಿಗೆ ಹೋಗಿದ್ದೆ. ಕರಿ ಕೋಟಿನವರು ಹೆಚ್ಚಿರಲಿಲ್ಲ. ನಾಲ್ಕೈದು ಹೋಟೆಲಿನ ಸಪ್ಲೈಯರುಗಳು ಸಮವಸ್ತ್ರದಲ್ಲೇ ಬಂದಿದ್ದರು. ಎಲ್ಲರಿಗಿಂತ ಮುಂದೆ, ಪ್ಲಾಸ್ಟಿಕ್ ಕುರ್ಚಿಯಲ್ಲಿ, ಎಗ್ಮೋರಿನ ಆ ಹೋಟೆಲಿನ ಧಣಿ ಕೂತಿದ್ದರು; ಭಟ್ಟರ ಕೇಸಿನಲ್ಲಿ ಸೋತ ಅದೇ ಧಣಿ, ಈಗ ಮುದುಕರು. ಭಾವ ನಮಸ್ಕಾರ ಮಾಡಿ, ನೀವು ಬರುತ್ತೀರಿ ಎಂದು ತಿಳಿದಿರಲಿಲ್ಲ ಎಂದ.

"ಬಾರದೆ ಎಂತ ಮಾಡುದು," ಎಂದರು ಧಣಿ. "ಭಟ್ಟನ ಕೇಸಿನಲ್ಲಿ ಅವ ನನ್ನನ್ನು ಸೋಲಿಸಿದ. ಆದ್ರೆ ಆಮೇಲೆ ಕೆಲಸದವರ ಮೂರು ಕೇಸು ಬಂತು, ಮೂರರಲ್ಲೂ ಟ್ರಿಬ್ಯುನಲ್ ನನ್ನ ಬದಿಗೆ ಬರೆದಿತ್ತು. ಅವರು ಹೈಕೋರ್ಟಿಗೆ ಹೋದ್ರು. ನನ್ನ ವಕೀಲ ಅಲ್ಲಿ ಓದಿದ್ದು ಯಾವುದನ್ನು? ಇವನ ಭಟ್ಟನ ಕೇಸನ್ನೇ. ಮೂರೂ ಗೆದ್ದೆ. ಅದರ ಲೆಕ್ಕ ನೋಡಿದ್ರೆ ನಾನು ಇವನಿಗೆ ಜೀವನ ಪೂರ್ತಿ ಬಿಟ್ಟಿ ಕಾಫಿ ಕೊಡ್ಬೇಕಿತ್ತು."

ಸಪ್ಲೈಯರುಗಳು ಕೆಳಗೆ ನೋಡಿದರು. ಅವರಲ್ಲಿ ಯಾರ ಕೇಸು ಆ ಮೂರರಲ್ಲಿತ್ತೋ ನಾನು ಕೇಳಲಿಲ್ಲ. ಹೆಗಲು ಕೊಡುವಾಗ ಮಾತ್ರ ಧಣಿಯೂ ಒಂದು ಕಡೆ ಹಿಡಿಯಲು ಬಂದರು, ಆಗಲಿಲ್ಲ, ಭಾವ ಆ ಜಾಗದಲ್ಲಿ ನಿಂತ.

ವಾಪಸು ಬರುವಾಗ ರೈಲಿನಲ್ಲಿ ಭಾವ ಕೇಳಿದ, "ಅವತ್ತು ಆ ಪುಸ್ತಕ ಕೊಡದೆ ಇದ್ರೆ ನೀನು ಗೆಲ್ತಿದ್ಯಾ?"

ಗೆಲ್ಲುತ್ತಿದ್ದೆ ಎಂದು ನಾನು ಈಗಲೂ ತಿಳಿದಿದ್ದೇನೆ. ಅವರು ಮಾಡಿದ್ದು ಸರಿಯಲ್ಲ ಎಂದು ಹೇಳಲೂ ಬಾಯಿ ಬರುವುದಿಲ್ಲ. ಭಾವ ಕಿಟಕಿಯ ಕಡೆ ತಿರುಗಿ ನಿದ್ದೆ ಹೋದ.

ಈಗ ನನಗೆ ಎರಡು ಲೇಥ್ ಇವೆ, ಒಂದು ಡ್ರಿಲ್ಲಿಂಗ್ ಮೆಷಿನ್ ಇದೆ. ಬಾಡಿಗೆಯ ಒಂದು ಶೆಡ್ಡು, ಬಾಡಿಗೆಯ ಒಂದು ಮನೆ. ಹೆಂಡತಿ ಇದ್ದಾಳೆ, ಒಬ್ಬಳು ಮಗಳಿದ್ದಾಳೆ. ಬಲಗೈಯಲ್ಲಿ ನಾಲ್ಕು ಬೆರಳು ಪೂರ್ತಿ ಇವೆ, ಒಂದು ಅರ್ಧ. ಒಂದು ಕಾನೂನು ಪುಸ್ತಕದಲ್ಲಿ ನನ್ನ ಹೆಸರಿದೆ. ಕಳವಿನ ಆಪಾದನೆ ಒಂದು ಇದೆ, ಸಾಬೀತಾದದ್ದು.